ಸ್ಟ್ರೆಚರ್ ಮೇಲಿದ್ದವರಿಗೆ ಜಾಗವಿಲ್ಲ: ಡಾ. ವಾಸೆಲ್ ಪ್ರಕರಣ ಮತ್ತು ಹಾಲಿವುಡ್

1942ರ ಫೆಬ್ರುವರಿ ಕೊನೆ. ಆಗ ಡಚ್ಚರ ವಸಾಹತಾಗಿದ್ದ, ಇಂದು ಇಂಡೊನೇಷ್ಯಕ್ಕೆ ಸೇರಿದ ಜಾವಾ ದ್ವೀಪದ ದಕ್ಷಿಣ ಕರಾವಳಿಯ ಚಿಲಾಚಾಪ್ ಬಂದರು. ಒಳನಾಡಿನ ಆಸ್ಪತ್ರೆಯಿಂದ ಗಾಯಾಳು ನಾವಿಕರನ್ನು ಕರೆತಂದ ಅಮೆರಿಕನ್ ನೌಕಾಪಡೆಯ ವೈದ್ಯರೊಬ್ಬರಿಗೆ ಅಲ್ಲಿ ಸಿಕ್ಕ ಉತ್ತರ ಚಿಕ್ಕದು: ನಡೆಯಬಲ್ಲವರು ಹಡಗು ಹತ್ತಬಹುದು, ಸ್ಟ್ರೆಚರ್ ಮೇಲಿರುವವರಿಗೆ ಜಾಗವಿಲ್ಲ. ವೈದ್ಯರು ನಡೆಯಬಲ್ಲವರನ್ನು ಹತ್ತಿಸಿದರು. ಉಳಿದವರನ್ನು ಕರೆದುಕೊಂಡು ಬಂದ ದಾರಿಯಲ್ಲೇ ವಾಪಸಾದರು. ಅಷ್ಟರಲ್ಲಿ ಜಪಾನಿ ಸೇನೆ ಜಾವಾದ ಹೊಸ್ತಿಲಲ್ಲಿತ್ತು.

ಆ ವೈದ್ಯರ ಹೆಸರು ಕೊರಿಡನ್ ವಾಸೆಲ್. ಎರಡು ವರ್ಷ ಕಳೆದು 1944ರಲ್ಲಿ ಸೆಸಿಲ್ ಬಿ. ಡಿಮಿಲ್ ಈ ಪ್ರಸಂಗವನ್ನು ಟೆಕ್ನಿಕಲರ್‌ನಲ್ಲಿ, ಗ್ಯಾರಿ ಕೂಪರ್ ಅವರನ್ನು ನಾಯಕನನ್ನಾಗಿ ಇಟ್ಟುಕೊಂಡು ತೆರೆಗೆ ತಂದರು. ಚಿತ್ರದ ಹೆಸರು 'ದಿ ಸ್ಟೋರಿ ಆಫ್ ಡಾಕ್ಟರ್ ವಾಸೆಲ್'. ಯುದ್ಧಕಾಲದ ವೈದ್ಯಕೀಯ ಚಿತ್ರಗಳಲ್ಲಿ ಇದೇನೂ ಅತ್ಯುತ್ತಮವಲ್ಲ. ಆದರೂ ಅಧ್ಯಯನಕ್ಕೆ ಇದಕ್ಕಿಂತ ಒಳ್ಳೆಯ ಪ್ರಕರಣ ಸಿಗುವುದು ಕಷ್ಟ. ಯಾಕೆಂದರೆ ಈ ಕಥೆ ನೌಕಾಪಡೆಯ ವರದಿಯಿಂದ ಅಧ್ಯಕ್ಷರ ರೇಡಿಯೊ ಭಾಷಣಕ್ಕೆ, ಅಲ್ಲಿಂದ ಪುಸ್ತಕಕ್ಕೆ, ಪುಸ್ತಕದಿಂದ ಪರದೆಗೆ ಹೋದ ಹಾದಿ ನಮಗೆ ಗೊತ್ತಿದೆ. ಆ ಹಾದಿಯಲ್ಲಿ ಹೋಗುತ್ತ ಹೋಗುತ್ತ ಯಾರು ಯಾರು ಕಥೆಯಿಂದ ಕಾಣೆಯಾದರು ಅನ್ನುವುದನ್ನು ಎಣಿಸಬಹುದು.

ಗಾಯಾಳುಗಳು ಎಲ್ಲಿಂದ ಬಂದರು

ಫೆಬ್ರುವರಿ 4ರಂದು ಫ್ಲೋರೆಸ್ ಸಮುದ್ರದಲ್ಲಿ ಜಪಾನಿ ಬಾಂಬರ್‌ಗಳು ಅಮೆರಿಕ ಮತ್ತು ಡಚ್ ನೌಕೆಗಳ ಗುಂಪಿನ ಮೇಲೆ ಎರಗಿದವು. ಹ್ಯೂಸ್ಟನ್ ಎಂಬ ಕ್ರೂಸರಿನ ಹಿಂಬದಿಯ ಫಿರಂಗಿ ಗೋಪುರದ ಬಳಿ ಒಂದು ಬಾಂಬ್ ಬಿದ್ದು 48 ಮಂದಿ ಸತ್ತರು. ಮಾರ್ಬಲ್‌ಹೆಡ್ ಎಂಬ ಇನ್ನೊಂದು ಕ್ರೂಸರಿಗೆ ಎರಡು ಬಾಂಬ್ ನೇರವಾಗಿ ಬಡಿದವು, ಮತ್ತೊಂದು ಪಕ್ಕದಲ್ಲೇ ನೀರಿನಲ್ಲಿ ಸಿಡಿದು ತಳವನ್ನು ಸೀಳಿತು. ಅಲ್ಲಿ ಸತ್ತವರು 15. ಚುಕ್ಕಾಣಿ ಒಂದೇ ಕಡೆಗೆ ಸಿಕ್ಕಿಹಾಕಿಕೊಂಡಿದ್ದರಿಂದ ಹಡಗು ಗಾಣದೆತ್ತಿನಂತೆ ಸುತ್ತತೊಡಗಿತು. ಎಂಜಿನ್‌ಗಳ ವೇಗವನ್ನು ಹೆಚ್ಚು ಕಡಿಮೆ ಮಾಡಿ ದಿಕ್ಕು ತಿರುಗಿಸುತ್ತ ಅದನ್ನು ಹೇಗೋ ಚಿಲಾಚಾಪ್‌ಗೆ ತಂದರು. ಅಲ್ಲಿನ ದುರಸ್ತಿ ಡಾಕ್ ಇಡೀ ಹಡಗನ್ನು ಹಿಡಿಸುವಷ್ಟು ದೊಡ್ಡದಿರಲಿಲ್ಲ. ಮೂತಿಯನ್ನಷ್ಟೇ ಎತ್ತಿ, ತೇಪೆ ಹಾಕಿ ಕಳಿಸಿದರು. ಮಾರ್ಬಲ್‌ಹೆಡ್ ತ್ರಿಂಕೋಮಲಿ, ದಕ್ಷಿಣ ಆಫ್ರಿಕ ಸುತ್ತಿಕೊಂಡು ಮೇ 4ರಂದು ನ್ಯೂಯಾರ್ಕ್ ಸೇರಿತು. ಅದೇ ಒಂದು ಸಿನಿಮಾ ಆಗಬಹುದಿತ್ತು, ಬಿಡಿ.

ಅಂಥ ಪಯಣವನ್ನು ತಾಳಲಾರದ ಗಾಯಾಳುಗಳನ್ನು ಜಾವಾದಲ್ಲೇ ಇಳಿಸಿ ಯೋಗ್ಯಕರ್ತದ ಪೆಟ್ರೊನೆಲ್ಲಾ ಆಸ್ಪತ್ರೆಗೆ ಸೇರಿಸಲಾಯಿತು. ಅದು ಡಚ್ ಮಿಷನರಿಗಳು ಕಟ್ಟಿದ ಆಸ್ಪತ್ರೆ, ಈಗಲೂ ಬೆಥೆಸ್ದಾ ಎಂಬ ಹೆಸರಿನಲ್ಲಿ ನಡೆಯುತ್ತಿದೆ. ಶಸ್ತ್ರಚಿಕಿತ್ಸೆ ಮಾಡಿದ್ದು ಡಚ್ ವೈದ್ಯರು, ಹಗಲು ರಾತ್ರಿ ಆರೈಕೆ ಮಾಡಿದ್ದು ಡಚ್ ಮತ್ತು ಜಾವಾದ ನರ್ಸ್‌ಗಳು. ಅಮೆರಿಕದ ಪರವಾಗಿ ಅವರನ್ನು ನೋಡಿಕೊಳ್ಳಲು ನೇಮಕವಾದವರು ವಾಸೆಲ್.

ಗಾಯಗಳ ಸ್ವರೂಪ ಇಲ್ಲಿ ಮುಖ್ಯ. ಹಡಗಿನೊಳಗೆ ಬಾಂಬ್ ಸಿಡಿದರೆ ಚೂರುಗಳಿಂದಾಗುವ ಗಾಯದಷ್ಟೇ ಸುಟ್ಟಗಾಯವೂ ಆಗುತ್ತದೆ. ಮೈಯ ದೊಡ್ಡ ಭಾಗ ಸುಟ್ಟವನಿಗೆ ಮೊದಲ ದಿನಗಳಲ್ಲಿ ದೇಹದ ದ್ರವ ಸೋರಿಹೋಗುವ ಭಯ, ಆಮೇಲೆ ವಾರಗಟ್ಟಲೆ ಸೋಂಕಿನ ಭಯ. ಪೆನಿಸಿಲಿನ್ ಇನ್ನೂ ಬಂದಿರಲಿಲ್ಲ. ಅಮೆರಿಕದಲ್ಲಿ ಅದರಿಂದ ಮೊದಲ ರೋಗಿ ಬದುಕಿದ್ದು ಅದೇ ವರ್ಷದ ಮಾರ್ಚ್‌ನಲ್ಲಿ, ಅಂದರೆ ಈ ನಾವಿಕರು ಸಮುದ್ರದ ಮೇಲಿದ್ದ ದಿನಗಳಲ್ಲೇ. ಸೋಂಕು ತಡೆಯುವ ಸಲ್ಫಾ ಮಾತ್ರೆ ಇತ್ತು, ರಕ್ತದ ದ್ರವಭಾಗವಾದ ಪ್ಲಾಸ್ಮಾ ಹೊಸದಾಗಿ ಬಳಕೆಗೆ ಬರುತ್ತಿತ್ತು. ಸುಟ್ಟ ಚರ್ಮಕ್ಕೆ ಟ್ಯಾನಿಕ್ ಆಮ್ಲ ಬಳಿದು ಗಟ್ಟಿ ಪದರ ಕಟ್ಟಿಸುವ ರೂಢಿ ಸುಮಾರು ಹದಿನೈದು ವರ್ಷ ನಡೆದು, ಬೆರಳುಗಳು ಮುದುಡುತ್ತವೆ, ಯಕೃತ್ತಿಗೆ ಹಾನಿ ಎಂದು ಸರಿಯಾಗಿ ಆ ಹೊತ್ತಿಗೇ ಕೈಬಿಡಲ್ಪಡುತ್ತಿತ್ತು. ಇಂಥ ರೋಗಿಯನ್ನು ಉಷ್ಣವಲಯದ ಸೆಕೆಯಲ್ಲಿ ಲಾರಿ ಮೇಲೆ ಹಾಕಿ ಸಾಗಿಸುವುದೆಂದರೆ ಏನು ಎಂದು ಊಹಿಸಲು ವೈದ್ಯರೇ ಆಗಬೇಕಿಲ್ಲ.

ಬಂದರಿನ ಧಕ್ಕೆಯ ನಿಯಮ

ವಾಸೆಲ್ ಅವರಿಗೆ ಆಗ 57 ವರ್ಷ. ಹುಟ್ಟೂರು ಆರ್ಕನ್ಸಾ ರಾಜ್ಯದ ಲಿಟ್ಲ್ ರಾಕ್. ಹಳ್ಳಿ ವೈದ್ಯರಾಗಿದ್ದವರು ಹತ್ತು ವರ್ಷಕ್ಕೂ ಮೇಲ್ಪಟ್ಟು ಚೀನಾದಲ್ಲಿ ಮಿಷನರಿ ವೈದ್ಯರಾಗಿ ದುಡಿದು ಊರಿಗೆ ಮರಳಿದ್ದರು. ಮೀಸಲು ಪಡೆಯಲ್ಲಿ ಹೆಸರಿದ್ದರಿಂದ ನೌಕಾಪಡೆ ಕರೆಸಿಕೊಂಡಿತು. ಶೌರ್ಯ ಪದಕದ ಕನಸು ಕಾಣುವ ವಯಸ್ಸು ದಾಟಿದ ಮನುಷ್ಯ.

ನಡೆಯಬಲ್ಲವರು ಮಾತ್ರ ಎಂಬ ನಿಯಮವನ್ನು ಕ್ರೂರ ಎನ್ನುವುದು ಸುಲಭ. ಸಿನಿಮಾಗಳು ಹಾಗೇ ಅನ್ನುತ್ತವೆ. ಆದರೆ ಧಕ್ಕೆಯಲ್ಲಿ ನಿಂತ ಅಧಿಕಾರಿಯ ಜಾಗದಲ್ಲಿ ನಿಂತು ನೋಡಿದರೆ ಲೆಕ್ಕ ಬೇರೆ. ಒಂದು ಸ್ಟ್ರೆಚರ್ ಮೂರು ನಾಲ್ಕು ಜನ ಕೂರುವ ಜಾಗ ತಿನ್ನುತ್ತದೆ. ಹಡಗಿನ ಕಡಿದಾದ ಏಣಿಗಳಲ್ಲಿ ಅದನ್ನು ಇಳಿಸಲು ಕೈ ಬೇಕು. ಹಡಗಿಗೆ ಬಾಂಬ್ ಬಿದ್ದರೆ ಮಲಗಿದವನು ಖಂಡಿತ ಮುಳುಗುತ್ತಾನೆ, ಅವನನ್ನು ಬಿಡಲೊಲ್ಲದೆ ನಿಂತ ಇನ್ನಿಬ್ಬರೂ ಮುಳುಗುತ್ತಾರೆ. ಇದು ಅತಿಯಾದ ಅಂಜಿಕೆಯೂ ಆಗಿರಲಿಲ್ಲ. ಮಾರ್ಚ್ 1ರಂದು ಪೆಕೋಸ್ ಎಂಬ ಅಮೆರಿಕದ ತೈಲನೌಕೆ ಜಾವಾದ ದಕ್ಷಿಣಕ್ಕೆ ಮುಳುಗಿತು. ಮಾರ್ಚ್ 4ರಂದು ಚಿಲಾಚಾಪ್‌ನಿಂದ ಹೊರಟ ಹಡಗುಗಳಿಗೆ ಬೆಂಗಾವಲಾಗಿದ್ದ ಆಸ್ಟ್ರೇಲಿಯದ ಯಾರಾ ಎಂಬ ಪುಟ್ಟ ಯುದ್ಧನೌಕೆ ಜಪಾನಿ ಕ್ರೂಸರ್‌ಗಳ ಎದುರು ಒಂಟಿಯಾಗಿ ನಿಂತು ಮುಳುಗಿತು. ಅದರಲ್ಲಿದ್ದ 151 ಜನರಲ್ಲಿ ಕೊನೆಗೆ ಬದುಕಿ ಸಿಕ್ಕವರು 13.

ನೆಪೋಲಿಯನ್ನನ ಶಸ್ತ್ರವೈದ್ಯ ಲಾರೆ ಹಾಕಿಕೊಟ್ಟ ಪಾಠ, ಪದವಿ ನೋಡದೆ ಹೆಚ್ಚು ಗಾಯಗೊಂಡವನನ್ನು ಮೊದಲು ನೋಡು ಎಂಬುದು. ಸೋತು ಹಿಮ್ಮೆಟ್ಟುವಾಗ ಅದು ಬುಡಮೇಲಾಗುತ್ತದೆ: ಕಡಿಮೆ ಗಾಯಗೊಂಡವನು ಮೊದಲು. ಆಸ್ಪತ್ರೆಯ ವೈದ್ಯನಿಗೂ ಧಕ್ಕೆಯ ಅಧಿಕಾರಿಗೂ ಇರುವ ಜಗಳ ಇದೇ. ಇಬ್ಬರೂ ತಮ್ಮ ತಮ್ಮ ಲೆಕ್ಕದಲ್ಲಿ ಸರಿ.

ವಾಸೆಲ್ ಮಾಡಿದ್ದರಲ್ಲಿ ನನಗೆ ಹೆಚ್ಚು ಗಮನಾರ್ಹ ಅನ್ನಿಸುವುದು ಇದು: ಅವರು ನಿಯಮದ ಎದುರು ಕೂಗಾಡಿ ಹಡಗಿಗೆ ನುಗ್ಗಲಿಲ್ಲ. ತಾವೂ ಹತ್ತಲಿಲ್ಲ. ಹಿಂದಿರುಗಿದರು. ಇನ್ನೊಂದು ಪ್ರಯತ್ನದ ಅವಕಾಶ ಬಂದಾಗ ಮಲಗಿದ್ದ ಒಬ್ಬೊಬ್ಬರನ್ನೂ ಕೇಳಿದರು, ದಾರಿಯಲ್ಲಿ ಜೀವ ಹೋಗಬಹುದು, ಬರುತ್ತೀಯಾ ಎಂದು. ಎಲ್ಲರೂ ಒಪ್ಪಿದರು ಎಂದು ಅಧ್ಯಕ್ಷ ರೂಸ್‌ವೆಲ್ಟ್ ಆಮೇಲೆ ರೇಡಿಯೊದಲ್ಲಿ ಹೇಳಿದರು. ವೈದ್ಯಕೀಯವಾಗಿ ನೋಡಿದರೆ ಇಡೀ ಪ್ರಕರಣದ ಎದೆ ಇರುವುದು ಆ ಕೇಳುವಿಕೆಯಲ್ಲಿ. ಮಲಗಿದವನು ಸಾಮಾನಲ್ಲ, ತನ್ನ ಅಪಾಯವನ್ನು ತೂಗಿ ನೋಡುವ ಹಕ್ಕು ಅವನಿಗೂ ಇದೆ ಎಂದು ಒಪ್ಪಿಕೊಂಡ ಕ್ಷಣ ಅದು.

ಲಾರಿ, ಆಮೇಲೆ ಯಾನ್ಸೆನ್ಸ್

ಆ ಅವಕಾಶ ಬಂದದ್ದು ಬ್ರಿಟಿಷರ ರೂಪದಲ್ಲಿ. ದಕ್ಷಿಣ ಕರಾವಳಿಯತ್ತ ಹಿಮ್ಮೆಟ್ಟುತ್ತಿದ್ದ ಬ್ರಿಟಿಷ್ ಸೈನಿಕರ ವಾಹನಗಳ ಸಾಲೊಂದು ಈ ಗಾಯಾಳುಗಳನ್ನು ಹತ್ತಿಸಿಕೊಂಡಿತು. ರಸ್ತೆ ತುಂಬ ಓಡುವ ಸೇನೆ. ಹಿಂದೆ ಸರಿಯುತ್ತಿದ್ದ ಡಚ್ಚರು ಸೇತುವೆಗಳನ್ನು ಸಿಡಿಸುತ್ತಿದ್ದರು. ಯೋಗ್ಯಕರ್ತದಿಂದ ಚಿಲಾಚಾಪ್‌ಗೆ ನಕ್ಷೆಯ ಮೇಲೆ ನೇರ ಗೆರೆ ಎಳೆದರೂ 150 ಕಿ.ಮೀ. ಆಗುತ್ತದೆ. ರೇಡಿಯೊ ಭಾಷಣದಲ್ಲಿ ಅದು 50 ಮೈಲಿ, ಅಂದರೆ 80 ಕಿ.ಮೀ. ಆಗಿ ಕುಗ್ಗಿತು. ಸಾಹಸಗಳು ಬಾಯಿಂದ ಬಾಯಿಗೆ ಹೋಗುತ್ತ ಹಿಗ್ಗುವುದು ವಾಡಿಕೆ. ಇಲ್ಲಿ ದೂರದ ಮಟ್ಟಿಗೆ ಉಲ್ಟಾ ಆಗಿದೆ.

ಚಿಲಾಚಾಪ್‌ನಲ್ಲಿ ಈ ಬಾರಿ ಸಿಕ್ಕಿದ್ದು ಯಾನ್ಸೆನ್ಸ್. ದ್ವೀಪದಿಂದ ದ್ವೀಪಕ್ಕೆ ಜನ, ಸರಕು ಸಾಗಿಸುತ್ತಿದ್ದ ಚಿಕ್ಕ ಡಚ್ ಹಡಗು. ಹಿಡಿಸುವುದಕ್ಕಿಂತ ಎಷ್ಟೋ ಹೆಚ್ಚು ಜನ ಅದರ ಮೇಲಿದ್ದರು. ಹೊರಟ ಸ್ವಲ್ಪ ಹೊತ್ತಿನಲ್ಲೇ ಜಪಾನಿ ವಿಮಾನಗಳು ಮೆಷಿನ್‌ಗನ್ನಿನಿಂದ ಹಡಗನ್ನು ಜಾಲಾಡಿದವು. ಡಚ್ ಕಪ್ತಾನ ಆಗ ತೆರೆದ ಕಡಲಿಗೆ ಹೋಗದೆ ದಡಕ್ಕೆ ಅಂಟಿಕೊಂಡು, ಪಚಿತಾನ್ ಎಂಬ ಕೊಲ್ಲಿಗೆ ಹಡಗನ್ನು ತಂದು ನಿಲ್ಲಿಸಿದ. ಅಲ್ಲಿ ಪ್ರಯಾಣಿಕರಿಗೆ ಆಯ್ಕೆ: ಬೇಕಾದವರು ಇಳಿಯಬಹುದು. ಹೆದರಿದ ಎಷ್ಟೋ ಜನ ಇಳಿದರು. ವಾಸೆಲ್ ತಮ್ಮವರನ್ನು ಇಳಿಸಲಿಲ್ಲ. ಕತ್ತಲಾದ ಮೇಲೆ ಹಡಗು ಮತ್ತೆ ಹೊರಟಿತು. ಮಾರ್ಚ್ 5ರಂದು ಚಿಲಾಚಾಪ್ ಮೇಲೆ ಭಾರಿ ಬಾಂಬ್ ದಾಳಿ ಆಯಿತು, ಕೆಲವೇ ದಿನಗಳಲ್ಲಿ ಜಾವಾ ಶರಣಾಯಿತು, ಮಾರ್ಚ್ ನಡುವಿಗೆ ಯಾನ್ಸೆನ್ಸ್ ಆಸ್ಟ್ರೇಲಿಯದ ಫ್ರಿಮ್ಯಾಂಟಲ್ ಬಂದರು ಸೇರಿತು.

ಈಗ ಲೆಕ್ಕ ಹಾಕಿ. ಮೊದಲ ಆರೈಕೆ ಡಚ್ಚರು ಮತ್ತು ಜಾವಾದವರದು, ರಸ್ತೆ ದಾಟಿಸಿದ್ದು ಬ್ರಿಟಿಷರು, ಸಮುದ್ರ ದಾಟಿಸಿದ್ದು ಡಚ್ ಕಪ್ತಾನ. ವಾಸೆಲ್ ಮಾಡಿದ್ದು ಈ ಕೊಂಡಿಗಳನ್ನು ಒಂದಕ್ಕೊಂದು ಸಿಕ್ಕಿಸಿದ್ದು, ರೋಗಿಗಳ ಕೈ ಬಿಡದೆ ಇದ್ದದ್ದು. ಅದು ಕಡಿಮೆ ಕೆಲಸವಲ್ಲ. ಒಂಟಿ ಕೆಲಸವೂ ಅಲ್ಲ.

ರೇಡಿಯೊದಲ್ಲಿ ಆದದ್ದು

1942ರ ಏಪ್ರಿಲ್ 28ರಂದು ರೂಸ್‌ವೆಲ್ಟ್ ದೇಶವನ್ನು ಉದ್ದೇಶಿಸಿ ಮಾತಾಡಿದರು. ವಿಷಯ ಯುದ್ಧಕ್ಕಿಂತ ಹೆಚ್ಚಾಗಿ ಹಣಕಾಸು: ತೆರಿಗೆ ಹೆಚ್ಚಳ, ಬೆಲೆ ನಿಯಂತ್ರಣ, ರೇಷನ್. ಫಿಲಿಪ್ಪೀನ್ಸ್‌ನ ಬಟಾನ್ ಜಪಾನಿಯರ ವಶವಾಗಿ ಮೂರು ವಾರವೂ ಆಗಿರಲಿಲ್ಲ. ಹೊಟ್ಟೆ ಬಟ್ಟೆ ಕಟ್ಟಿ ಎಂದು ಜನರಿಗೆ ಹೇಳಬೇಕಾದ ಅಧ್ಯಕ್ಷರು ಕೊನೆಯಲ್ಲಿ ಯುದ್ಧಭೂಮಿಯ ಮೂರು ಕಥೆ ಹೇಳಿದರು. ಮೊದಲನೆಯದು ವಾಸೆಲ್ ಅವರದು. ಅವರು ಹನ್ನೆರಡು ಗಾಯಾಳುಗಳ ಜೊತೆ ಉಳಿದರು, ತನ್ನ ಮಂದೆಯನ್ನು ಕಾಯುವ ಕ್ರಿಸ್ತನಂಥ ಕುರುಬ ಎಂದು ವರದಿಯೇ ಬಣ್ಣಿಸಿದೆ ಎಂದರು. ಆಮೇಲೆ ಒಂದು ವಾಕ್ಯ: ವಾಸೆಲ್ ಹೆಚ್ಚುಕಡಿಮೆ ಹಡಗಿನ ನಾಯಕತ್ವವನ್ನೇ ವಹಿಸಿಕೊಂಡು, ಸಣ್ಣ ಕೊಲ್ಲಿಗಳಲ್ಲಿ ಅಡಗಿಸುತ್ತ ಅದನ್ನು ಉಳಿಸಿದರು ಎಂದು.

ಕಪ್ತಾನ ಕಾಣೆಯಾದದ್ದು ಈ ವಾಕ್ಯದಲ್ಲಿ. ಭಾಷಣದ ಆ ಭಾಗದಲ್ಲಿ ಬ್ರಿಟಿಷ್ ಲಾರಿಗಳೂ ಇಲ್ಲ, ಆಸ್ಪತ್ರೆಯ ಡಚ್ ವೈದ್ಯರೂ ಇಲ್ಲ. ಹಡಗು ನಡೆಸುವುದನ್ನೇ ಕಸುಬು ಮಾಡಿಕೊಂಡವನ ಜಾಣ್ಮೆಯನ್ನು ಒಬ್ಬ ವೈದ್ಯರ ಹೆಸರಿಗೆ ಬರೆಯಲಾಯಿತು. ಯಾರೂ ಬೇಕೆಂದು ಸುಳ್ಳು ಹೇಳಿದರು ಅನ್ನುತ್ತಿಲ್ಲ. ಸೋಲಿನ ಮೇಲೆ ಸೋಲು ಬರುತ್ತಿದ್ದ ತಿಂಗಳಲ್ಲಿ, ರೇಡಿಯೊ ಮುಂದೆ ಕುಳಿತ ಜನರಿಗೆ ಎರಡು ನಿಮಿಷದಲ್ಲಿ ಹೇಳಬಹುದಾದ ಕಥೆ ಬೇಕಿತ್ತು. ಎರಡು ನಿಮಿಷದ ಕಥೆಯಲ್ಲಿ ಒಬ್ಬನಿಗೇ ಜಾಗ.

ಡಿಮಿಲ್ ಕೈಗೆ

ಭಾಷಣ ಕೇಳಿದ ಡಿಮಿಲ್ ತಡಮಾಡಲಿಲ್ಲ. ನಮ್ಮಲ್ಲಿ 'ದಿ ಟೆನ್ ಕಮಾಂಡ್‌ಮೆಂಟ್ಸ್' ಮೂಲಕ ಪರಿಚಿತರಾದ, ಭರ್ಜರಿ ದೃಶ್ಯಗಳ ನಿರ್ದೇಶಕ ಇವರು. ಇಂಗ್ಲಿಷ್ ಕಾದಂಬರಿಕಾರ ಜೇಮ್ಸ್ ಹಿಲ್ಟನ್ ಈ ಘಟನೆಯನ್ನು ಪುಸ್ತಕವಾಗಿ ಬರೆದರು, ಅದು 1943ರಲ್ಲಿ ಬಂತು. ಅಲನ್ ಲೆ ಮೇ ಮತ್ತು ಚಾರ್ಲ್ಸ್ ಬೆನೆಟ್ ಚಿತ್ರಕಥೆ ಮಾಡಿದರು.

57ರ ವೈದ್ಯ ಪರದೆಯ ಮೇಲೆ ನಲವತ್ತರ ಆಸುಪಾಸಿನ ಗ್ಯಾರಿ ಕೂಪರ್ ಆದರು. ಇದೊಂದರಿಂದಲೇ ಕಥೆಯ ತೂಕ ಬದಲಾಗುತ್ತದೆ. ಅರವತ್ತರ ಹತ್ತಿರದವನು ಕೈದಿಯಾಗಲು ಸಿದ್ಧನಾಗಿ ಉಳಿಯುವುದಕ್ಕೂ ಗಟ್ಟಿಮುಟ್ಟಾದ ನಾಯಕನಟ ಉಳಿಯುವುದಕ್ಕೂ ವ್ಯತ್ಯಾಸವಿದೆ. ನಾಯಕ ಹರೆಯದವನಾದ ಮೇಲೆ ಪ್ರೇಮ ಬೇಕಲ್ಲ? ಫ್ಲ್ಯಾಶ್‌ಬ್ಯಾಕ್‌ಗಳಲ್ಲಿ ಅವನು ಮೇಡ್‌ಲಿನ್ ಎಂಬ ನರ್ಸ್‌ಗಾಗಿ ಚೀನಾಕ್ಕೆ ಹೋಗುತ್ತಾನೆ, ಬಸವನಹುಳುವಿನಿಂದ ಹರಡುವ ಪರೋಪಜೀವಿಯನ್ನು ಪತ್ತೆಹಚ್ಚಲು ಹೆಣಗುತ್ತಾನೆ, ಇನ್ನೊಬ್ಬ ವೈದ್ಯ ಮೊದಲೇ ಕಂಡುಹಿಡಿದು ಕೀರ್ತಿ ಗಳಿಸುತ್ತಾನೆ, ಇವನು ಸೋತವನಾಗಿ ದೂರ ಸರಿಯುತ್ತಾನೆ. ಲರೇನ್ ಡೇ ಮೇಡ್‌ಲಿನ್ ಆಗಿದ್ದಾರೆ. ಅಸಲಿ ವಾಸೆಲ್ ಯುದ್ಧಕ್ಕೆ ಬರುವ ಹೊತ್ತಿಗೆ ಸಂಸಾರಸ್ಥರು, ಮಕ್ಕಳಿದ್ದವರು.

ಬಸವನಹುಳುವಿನ ಈ ಭಾಗ ಮಾತ್ರ ನನಗೆ ಇಷ್ಟ. ಸಂಶೋಧನೆಯಲ್ಲಿ ಎರಡನೆಯವನಾಗಿ ಬಂದವನ ಸಂಕಟವನ್ನು ಕೂಪರ್ ಹೆಚ್ಚು ಮಾತಿಲ್ಲದೆ, ತನ್ನ ಎಂದಿನ ತಡವರಿಸುವ ಸಂಕೋಚದಲ್ಲೇ ತೋರಿಸುತ್ತಾರೆ. ಆದರೆ ಜಾವಾದ ಕಥೆಗೆ ಅದು ಏನು ಸೇರಿಸುತ್ತದೆ? ಸೋತವನು ಕೊನೆಗೂ ಗೆದ್ದ ಎಂಬ ಚೌಕಟ್ಟನ್ನು. ಅಲ್ಲಿಗೆ ಸ್ಟ್ರೆಚರ್ ಮೇಲಿದ್ದವರು ಅವನ ಗೆಲುವಿನ ಸಾಧನವಾಗಿಬಿಡುತ್ತಾರೆ.

ಧಕ್ಕೆಯ ಆ ಕಠಿಣ ಲೆಕ್ಕವೂ ಚಿತ್ರದಲ್ಲಿ ತೆಳುವಾಗಿದೆ. ನಿಯಮ ಅಂದರೆ ಕಲ್ಲುಹೃದಯ, ನಾಯಕ ಅಂದರೆ ಮಿಡಿಯುವ ಹೃದಯ, ಅಷ್ಟೇ. ಆಜ್ಞೆ ಮೀರಿದ್ದಕ್ಕೆ ಕೋರ್ಟ್ ಮಾರ್ಷಲ್ ಆಗುತ್ತದೆಂದು ನಾಯಕ ಆಸ್ಟ್ರೇಲಿಯದಲ್ಲಿ ಹೆದರಿ ಕುಳಿತಿರುವಾಗ ರೇಡಿಯೊದಲ್ಲಿ ಅಧ್ಯಕ್ಷರು ಅವನದೇ ಕಥೆ ಹೇಳುತ್ತಾರೆ. ನಾಟಕವಾಗಿ ಇದು ಪಕ್ಕಾ ಲೆಕ್ಕದ ಕ್ಲೈಮ್ಯಾಕ್ಸ್, ಚಪ್ಪಾಳೆ ಬೀಳದೆ ಇರದು. ಆದರೆ ನಿಜವಾದ ಭಾಷಣದಲ್ಲಿ ಆಜ್ಞೆ ಮೀರಿದ ಪ್ರಸ್ತಾಪವೇ ಇಲ್ಲ. ಅವರಿಗೆ ಸಿಕ್ಕಿದ್ದು ನೇವಿ ಕ್ರಾಸ್ ಪದಕ.

ಗಾಯಗಳೂ ಹಾಗೆಯೇ. ಸುಟ್ಟ ಮೈ ಪರದೆಯ ಮೇಲೆ ಹೆಚ್ಚಾಗಿ ಅಚ್ಚುಕಟ್ಟಾದ ಬಿಳಿ ಬ್ಯಾಂಡೇಜ್ ಆಗುತ್ತದೆ, ನಾವಿಕರು ಮಲಗಿದಲ್ಲೇ ಜೋಕು ಹೊಡೆಯುತ್ತಾರೆ. ಇದಕ್ಕೆ ಡಿಮಿಲ್ ಒಬ್ಬರನ್ನೇ ದೂರಲಾಗದು. ತಮ್ಮ ಸೈನಿಕರ ಶವಗಳ ಫೋಟೊವನ್ನು ಅಮೆರಿಕದ ಓದುಗರು 'ಲೈಫ್' ಪತ್ರಿಕೆಯಲ್ಲಿ ಮೊದಲು ನೋಡಿದ್ದೇ 1943ರ ಸೆಪ್ಟೆಂಬರ್‌ನಲ್ಲಿ. ಅಲ್ಲಿಯವರೆಗೆ ಸರ್ಕಾರ ತಡೆದಿತ್ತು. ಸರ್ಕಾರದ ಯುದ್ಧ ಮಾಹಿತಿ ಕಚೇರಿ 1942ರಿಂದ ಹಾಲಿವುಡ್ ಚಿತ್ರಕಥೆಗಳ ಮೇಲೆ ಕಣ್ಣಿಟ್ಟಿತ್ತು.

ಆಗಿನ ವಿಮರ್ಶಕರಲ್ಲಿ 'ದಿ ನೇಷನ್' ಪತ್ರಿಕೆಯ ಜೇಮ್ಸ್ ಏಜಿ ಇದನ್ನು ಕಟುವಾಗಿ ಹಿಡಿದರು. ಇಡೀ ಕಥೆಯನ್ನು ಸುಳ್ಳಿನ ಹೊಳೆಯುವ ನೊರೆಯಾಗಿ ಕಡೆದಿದ್ದಾರೆ, ಸತ್ಯಕ್ಕೆ ಉಪಕಾರ ಮಾಡುತ್ತಿದ್ದೇನೆಂದೇ ಡಿಮಿಲ್ ನಂಬಿರುವುದು ಇನ್ನೂ ನೋವಿನ ಸಂಗತಿ ಎಂಬುದು ಅವರ ಮಾತಿನ ಸಾರ. ಅಕಾಡೆಮಿ ಪ್ರಶಸ್ತಿಗೆ ಚಿತ್ರ ಹೆಸರಿಸಲ್ಪಟ್ಟದ್ದು ವಿಶೇಷ ದೃಶ್ಯಪರಿಣಾಮಗಳ ವಿಭಾಗದಲ್ಲಿ. ಬಾಂಬ್ ದಾಳಿಯ ದೃಶ್ಯಗಳು ಇವತ್ತಿಗೂ ಕಣ್ಣು ಕಟ್ಟುತ್ತವೆ, ಅದನ್ನು ಒಪ್ಪಲೇಬೇಕು.

ಟ್ರೆಮಾರ್ಟಿನಿ

ಜಾವಾದ ಒಂದು ಪಾತ್ರಕ್ಕೆ ಚಿತ್ರದಲ್ಲಿ ನಿಜಕ್ಕೂ ಜಾಗವಿದೆ. ಟ್ರೆಮಾರ್ಟಿನಿ ಎಂಬ ನರ್ಸ್. ಆಡಿದ್ದು ಕ್ಯಾರಲ್ ಥರ್ಸ್ಟನ್ ಎಂಬ ಅಮೆರಿಕನ್ ನಟಿ. ನಾವಿಕರು ಅವಳ ಹೆಸರನ್ನು 'ತ್ರೀ ಮಾರ್ಟಿನಿ', ಅಂದರೆ ಮದ್ಯದ ಮೂರು ಗ್ಲಾಸು ಎಂದು ತಿರುಗಿಸಿ ತಮಾಷೆ ಮಾಡುತ್ತಾರೆ, ಅವಳು ಒಬ್ಬ ನಾವಿಕನಿಗೆ ಮನಸೋತು ಅವನ ಹಿಂದೆ ಸುತ್ತುತ್ತಾಳೆ. ನರ್ಸ್ ಆಗಿ ಅವಳು ಮಾಡುವ ಕೆಲಸ ಹಿನ್ನೆಲೆಗೆ ಸರಿದು, ಮುಗ್ಧ ದ್ವೀಪಕನ್ಯೆಯಷ್ಟೇ ಉಳಿಯುತ್ತಾಳೆ. ಪೆಟ್ರೊನೆಲ್ಲಾದಲ್ಲಿ ಸುಟ್ಟಗಾಯದ ಡ್ರೆಸ್ಸಿಂಗ್ ಬದಲಿಸಿದ ಹುಡುಗಿಯರು ತರಬೇತಿ ಪಡೆದ ವೃತ್ತಿಪರರು. ಅಂಟಿಕೊಂಡ ಬಟ್ಟೆಯನ್ನು ಒದ್ದೆ ಮಾಡಿ, ರೋಗಿ ಚೀರದಂತೆ, ಹೊಸ ಚರ್ಮ ಕಿತ್ತುಬರದಂತೆ ಬಿಡಿಸುವುದು ಮಿಡಿಯುವ ಹೃದಯದಿಂದ ಮಾತ್ರ ಆಗುವ ಕೆಲಸವಲ್ಲ, ಕೈ ಪಳಗಿರಬೇಕು. ಚಿತ್ರ ಬಿಡುಗಡೆಯಾದಾಗ ಅವರೆಲ್ಲ ಇನ್ನೂ ಜಪಾನಿ ಆಡಳಿತದ ಕೆಳಗಿದ್ದರು. 1945ರ ಆಗಸ್ಟ್ 17ರಂದು ಇಂಡೊನೇಷ್ಯ ಸ್ವಾತಂತ್ರ್ಯ ಘೋಷಿಸಿತು, ಮುಂದಿನ ಜನವರಿಯಲ್ಲಿ ಅದೇ ಯೋಗ್ಯಕರ್ತ ಹೊಸ ಗಣರಾಜ್ಯದ ರಾಜಧಾನಿಯಾಯಿತು. ಚಿತ್ರದ ಜಾವಾದಲ್ಲಿ ಅಂಥದ್ದೊಂದು ದೇಶ ಹುಟ್ಟಬಹುದೆಂಬ ಸುಳಿವೇ ಇಲ್ಲ.

ಹಾಲಿವುಡ್ ಮಾತ್ರವೇ?

ಇದನ್ನೆಲ್ಲ ಹೇಳಿ ಹಾಲಿವುಡ್ಡಿಗೆ ಬೈದು ಎದ್ದುಬಿಟ್ಟರೆ ನ್ಯಾಯವಾಗದು. 1946ರಲ್ಲಿ ವಿ. ಶಾಂತಾರಾಮ್ 'ಡಾ. ಕೋಟ್ನೀಸ್ ಕೀ ಅಮರ್ ಕಹಾನಿ' ತೆಗೆದರು. ಕನ್ನಡ ಬೀದಿ ಬೀದಿಯಲ್ಲಿ ಕೇಳಿಸುವ ಸೊಲ್ಲಾಪುರದಲ್ಲಿ ಹುಟ್ಟಿದ ದ್ವಾರಕಾನಾಥ ಕೋಟ್ನೀಸ್, 1938ರಲ್ಲಿ ಕಾಂಗ್ರೆಸ್ ಚೀನಾಕ್ಕೆ ಕಳಿಸಿದ ಐವರು ವೈದ್ಯರ ತಂಡದಲ್ಲಿ ಒಬ್ಬರು. ಉಳಿದವರು ಮರಳಿದರೂ ಅವರು ಅಲ್ಲೇ ನಿಂತು ಯುದ್ಧಭೂಮಿಯ ಆಸ್ಪತ್ರೆ ನಡೆಸಿದರು, ಗುವೊ ಚಿಂಗ್‌ಲಾನ್ ಎಂಬ ಚೀನೀ ನರ್ಸ್‌ಳನ್ನು ಮದುವೆಯಾದರು, 1942ರ ಡಿಸೆಂಬರ್ 9ರಂದು 32ನೇ ವಯಸ್ಸಿನಲ್ಲಿ ತೀರಿಕೊಂಡರು. ವಾಸೆಲ್ ಕಥೆಯ ಜೊತೆ ಹೋಲಿಕೆ ಎದ್ದು ಕಾಣುತ್ತದೆ: ಚೀನಾ, ಜಪಾನಿ ದಾಳಿ, ಪರದೇಶದಲ್ಲಿ ಉಳಿದ ವೈದ್ಯ, ಯುದ್ಧ ಮುಗಿಯುವ ಹೊತ್ತಿಗೆ ಸಿನಿಮಾ. ನಮ್ಮಲ್ಲೂ ಐವರ ಕಥೆ ಒಬ್ಬರದಾಯಿತು. ಆ ಚೀನೀ ಹೆಣ್ಣಾಗಿ ನಟಿಸಿದ್ದು ಶಾಂತಾರಾಮ್ ಪತ್ನಿ ಜಯಶ್ರೀ. ಜಾವಾದ ನರ್ಸ್ ಆಗಿ ಅಮೆರಿಕದ ಥರ್ಸ್ಟನ್ ನಟಿಸಿದಂತೆಯೇ ಇದೂ.

ಒಂದು ವ್ಯತ್ಯಾಸ ಮಾತ್ರ ಇದೆ. ಕೋಟ್ನೀಸ್ ತೀರಿಕೊಂಡಿದ್ದರು, ತಮ್ಮ ಚಿತ್ರ ನೋಡಲಿಲ್ಲ. ವಾಸೆಲ್ ಬದುಕಿದ್ದರು. ತಮ್ಮ ವಯಸ್ಸಿಗಿಂತ ಹದಿನೇಳು ವರ್ಷ ಚಿಕ್ಕವನಾದ ನಟ ತಾವಾಗಿ ಓಡಾಡುವುದನ್ನು, ತಾವು ನಡೆಸದ ಹಡಗಿನ ಕೀರ್ತಿ ತಮ್ಮ ಹೆಸರಿಗೆ ಅಂಟಿದ್ದನ್ನು ಕಂಡೂ 1958ರವರೆಗೆ ಬಾಳಿದರು.

ಚಿತ್ರ ನೋಡುವವರಿಗೆ ನನ್ನ ಸಲಹೆ: ಎರಡು ಗಂಟೆಗೂ ಮೀರಿದ ಇದನ್ನು ಪೂರ್ತಿ ನೋಡುವ ತಾಳ್ಮೆ ಇಲ್ಲದಿದ್ದರೆ ಪ್ರೇಮದ ಫ್ಲ್ಯಾಶ್‌ಬ್ಯಾಕ್‌ಗಳನ್ನು ಓಡಿಸಿಬಿಡಿ. ಗಾಯಾಳುಗಳು ಆಸ್ಪತ್ರೆಯಿಂದ ಹೊರಟಲ್ಲಿಂದ ಹಡಗು ಹತ್ತುವವರೆಗಿನ ಭಾಗ ಸಾಕು. ನೋಡುವಾಗ ಕೂಪರ್ ಮುಖ ಬಿಟ್ಟು ಚೌಕಟ್ಟಿನ ಅಂಚಿಗೆ ಗಮನ ಕೊಡಿ: ಸ್ಟ್ರೆಚರ್ ಹಿಡಿದವರು ಯಾರು, ಲಾರಿ ಯಾರದು, ಹಡಗಿನ ಚಕ್ರದ ಹತ್ತಿರ ನಿಂತವನು ಯಾರು ಎಂದು.